ಭಾನುವಾರದ ಚಿತ್ರ: ಇಯಾನ್ ಹೋಮ್ ಅವರನ್ನು ಗಮನಿಸಿ

ಸ್ನೇಹಿತರೇ, ಈ ಭಾನುವಾರ ಸಂಜೆ 6ಕ್ಕೆ 1981ರ ‘ಚಾರಿಯಟ್ಸ್ ಆಫ್ ಫೈರ್’ ನೋಡೋಣ. ಓಟದ ತರಬೇತುದಾರ ಮುಸಾಬಿನಿಯಾಗಿ ನಟಿಸಿರುವ ಇಯಾನ್ ಹೋಮ್ ಅವರ ಮೇಲೆ ಕಣ್ಣಿಡಿ. ಕ್ರೀಡಾಂಗಣದ ಹೊರಗೆ, ಕೋಣೆಯ ಕಿಟಕಿಯಿಂದ ಧ್ವಜ ಏರುವುದನ್ನು ಕಂಡು ಶಿಷ್ಯ ಗೆದ್ದನೆಂದು ಅರಿತ ಆ ಮುದುಕ ತನ್ನ ಹುಲ್ಲಿನ ಟೋಪಿಗೆ ಗುದ್ದುತ್ತಾನೆ. ಪ್ರತಿ ಸಲವೂ ನನ್ನ ಕಣ್ಣು ತುಂಬುತ್ತದೆ. ಈ ಪಾತ್ರಕ್ಕೆ ಆಸ್ಕರ್ ನಾಮನಿರ್ದೇಶನ ಬಂದಿತ್ತು.

1976ರಲ್ಲಿ ತೀವ್ರ ರಂಗಭೀತಿಗೆ ತುತ್ತಾದ ಹೋಮ್ ವರ್ಷಗಟ್ಟಲೆ ನಾಟಕದಿಂದ ದೂರ ಉಳಿದರು. ಅದೇ ವ್ಯಕ್ತಿ 1997ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರಿನಲ್ಲಿ ಶೇಕ್ಸ್‌ಪಿಯರನ ಲಿಯರ್ ರಾಜನಾಗಿ ನಿಂತರು! ‘ಏಲಿಯನ್’ ಚಿತ್ರದ ಯಂತ್ರಮಾನವನೂ ಅವರೇ, ‘ಲಾರ್ಡ್ ಆಫ್ ದ ರಿಂಗ್ಸ್’ ಚಿತ್ರಗಳ ಮುದಿ ಬಿಲ್ಬೋ ಕೂಡ ಅವರೇ. 2020ರಲ್ಲಿ, 88ನೆಯ ವಯಸ್ಸಿನಲ್ಲಿ ತೀರಿಕೊಂಡರು.

ಬರುವವರು ಶನಿವಾರ ರಾತ್ರಿಯೊಳಗೆ ಇಲ್ಲಿಯೇ ತಿಳಿಸಿ.