ಮಿಕೇಲಾ ಬರೆಸಿದ ಪತ್ರಗಳು

ಪ್ರೀತಿಯ ಪುಟ್ಟಿ,

ಮೊನ್ನೆ ಫೋನಿನಲ್ಲಿ ನೀನು ಕೇಳಿದ್ದೆ, "1533ರಲ್ಲಿ ಪೆರುವಿನಲ್ಲಿ ಸ್ಪೇನಿನವರು ಇಂಕಾ ರಾಜ ಅಟವಾಲ್ಪನನ್ನು ಕೊಂದ ಮೇಲೆ ಇಂಕಾ ಜನ ಸುಮ್ನೆ ಇದ್ದುಬಿಟ್ಟರಾ ಅಮ್ಮಾ?" ಅಂತ. ಇಲ್ಲ ಕಂದಾ. ಫೋನಿನಲ್ಲಿ ಹೇಳಿ ಮುಗಿಯುವ ಮಾತಲ್ಲ ಅಂತ ಬರೆಯುತ್ತಿದ್ದೇನೆ.

ಇಂಕಾ ಕಾಲದಲ್ಲಿ ಮಿತಾ ಅನ್ನೋ ಪದ್ಧತಿ ಇತ್ತು. ಸರದಿಯ ಮೇಲೆ ರಾಜ್ಯಕ್ಕೆ ದುಡಿಯಬೇಕು. ಮಾಡಿದವರಿಗೆ ಊಟ, ಚಿಚಾ ಅನ್ನೋ ಮೆಕ್ಕೆಜೋಳದ ಮದ್ಯ ಸಿಗುತ್ತಿತ್ತು. ಬೆಳೆ ಕೈಕೊಟ್ಟರೆ ರಾಜ್ಯದ ಕಣಜ ಇತ್ತು. ಸ್ಪೇನಿನವರು ಹೆಸರನ್ನು ಹಾಗೇ ಇಟ್ಟುಕೊಂಡರು, ತಿರುಳನ್ನು ತೆಗೆದುಹಾಕಿದರು. 1570ರ ದಶಕದಲ್ಲಿ ವೈಸರಾಯ್ ತೊಲೆದೊ ಮಾಡಿದ ಕಟ್ಟಳೆ ನೋಡು: ಗೊತ್ತುಮಾಡಿದ ಪ್ರಾಂತ್ಯಗಳಲ್ಲಿ ಏಳು ಗಂಡಸರಿಗೆ ಒಬ್ಬ ಈಗಿನ ಬೊಲಿವಿಯಾದಲ್ಲಿರುವ ಪೊಟೊಸಿಯ ಬೆಳ್ಳಿ ಗಣಿಗೆ ಹೋಗಬೇಕು. ಹೆಂಡತಿ, ಮಕ್ಕಳು, ಲಾಮಾಗಳನ್ನು ಕರೆದುಕೊಂಡು ವಾರಗಟ್ಟಲೆ ನಡೆದು ಹೋಗುತ್ತಿದ್ದರು. ಕೊಡುವ ಕೂಲಿ ಹೊಟ್ಟೆಗೂ ಸಾಲುತ್ತಿರಲಿಲ್ಲ. ಎಷ್ಟೋ ಜನ ವಾಪಸ್ ಬರಲೇ ಇಲ್ಲ. ಇದು ಇನ್ನೂರು ವರ್ಷಕ್ಕೂ ಜಾಸ್ತಿ ನಡೆಯಿತು. ಅದರ ಮೇಲೆ ಪ್ರಾಂತ್ಯದ ಅಧಿಕಾರಿ ಹೇಸರಗತ್ತೆ, ಬಟ್ಟೆ ತಂದು ತಾನು ಹೇಳಿದ ರೇಟಿಗೆ ಮಾರುವನು. ಬೇಡ ಅನ್ನುವ ಹಾಗಿಲ್ಲ.

ತುಂಗಸುಕಾ ಅನ್ನೋ ಊರಿನ ಮುಖ್ಯಸ್ಥ ಹೊಸೆ ಗಾಬ್ರಿಯೆಲ್ 1777ರಲ್ಲಿ ರಾಜಧಾನಿ ಲಿಮಾದಲ್ಲಿ ಅರ್ಜಿ ಹಾಕಿದ, ನಮ್ಮವರನ್ನು ಮಿತಾದಿಂದ ಬಿಡಿ ಅಂತ. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. 1780ರ ನವೆಂಬರಿನಲ್ಲಿ ಆತ ದಂಗೆ ಎದ್ದ. ಎರಡನೇ ತುಪಾಕ್ ಅಮಾರು ಅಂತ ಲೋಕ ಕರೆಯುವುದು ಈತನನ್ನೇ. ಮೊದಲ ತುಪಾಕ್ ಅಮಾರು ಇಂಕಾಗಳ ಕೊನೆಯ ರಾಜ; ಅವನ ತಲೆಯನ್ನು ತೊಲೆದೊ 1572ರಲ್ಲಿ ಇಂಕಾಗಳ ಹಳೆಯ ರಾಜಧಾನಿ ಕುಸ್ಕೊದಲ್ಲಿ ಕಡಿಸಿದ್ದ.

ನಾನು ಹೇಳಬೇಕು ಅಂದುಕೊಂಡಿದ್ದು ಹೊಸೆ ಗಾಬ್ರಿಯೆಲ್‌ನ ಹೆಂಡತಿ ಮಿಕೇಲಾ ಬಸ್ತಿದಾಸ್ ವಿಷಯ. ಗಂಡ ದಂಡು ಕಟ್ಟಿಕೊಂಡು ಹೊರಟ. ಊಟ, ಹಣ, ಆಯುಧ, ಜನ, ರಹದಾರಿ ಎಲ್ಲ ಇವಳ ಕೈಯಲ್ಲಿ. ತಾನು ಹೇಳುತ್ತ, ಬರೆಯುವವರಿಂದ ಪತ್ರ ಬರೆಸುತ್ತಿದ್ದಳು. ಡಿಸೆಂಬರಿನ ಪತ್ರಗಳಲ್ಲಿ ಗಂಡನನ್ನು "ನನ್ನ ಚೆಪೆ" ಅಂತ ಪ್ರೀತಿಯಿಂದ ಕರೆಯುತ್ತಾಳೆ, ಆಮೇಲೆ ಬೈಯುತ್ತಾಳೆ. ಹಳ್ಳಿಗಳಲ್ಲಿ ಯಾಕೆ ಕಾಲ ಕಳೆಯುತ್ತಿದ್ದೀಯ? ಕುಸ್ಕೊಗೆ ಬೇಗ ಹೋಗು, ಸೈನಿಕರು ಬೇಸತ್ತು ಮನೆಗೆ ಹೊರಟುಹೋಗುತ್ತಾರೆ. ಅವಳು ಹೇಳಿದ್ದೇ ಸರಿ ಇತ್ತು ಅಲ್ವಾ ಅಂತ ನನಗೆ ಪ್ರತಿ ಸಲವೂ ಅನ್ನಿಸುತ್ತದೆ. ಆತ ಕುಸ್ಕೊ ಮುಟ್ಟುವಷ್ಟರಲ್ಲಿ ಊರಿಗೆ ಕಾವಲು ಬಲವಾಗಿತ್ತು. ಮುತ್ತಿಗೆ ಸೋತಿತು.

1781ರ ಮೇ 18. ಕುಸ್ಕೊದ ದೊಡ್ಡ ಚೌಕ. ಮೊದಲು ಹಿರಿಮಗ ಇಪೊಲಿತೊನನ್ನು ತಂದೆತಾಯಿಯ ಕಣ್ಣೆದುರೇ ಕೊಂದರು. ಆಮೇಲೆ ಅವಳನ್ನು, ಕೊನೆಗೆ ಗಂಡನನ್ನು. ಚಿಕ್ಕ ಮಗ ಫೆರ್ನಾಂದೊನನ್ನು ಅಲ್ಲೇ ನಿಲ್ಲಿಸಿ ನೋಡಿಸಿದರು. ಇದನ್ನು ಬರೆಯುವಾಗ ನನ್ನ ಕೈ ನಿಂತಿತು ಪುಟ್ಟಿ.

ಅದೇ ತೀರ್ಪಿನಲ್ಲಿ ಇಂಕಾ ಉಡುಗೆ ಬೇಡ, ಶಂಖ ಊದಬೇಡಿ, ನಿಮ್ಮ ಕ್ವೆಚುವಾ ಭಾಷೆ ಬಿಟ್ಟು ಸ್ಪ್ಯಾನಿಷ್ ಕಲಿಯಿರಿ ಅಂತ ಬರೆದರು. ಕ್ವೆಚುವಾವನ್ನು ಇವತ್ತಿಗೂ ಆಂಡಿಸ್ ಬೆಟ್ಟಗಳಲ್ಲಿ ಲಕ್ಷಾಂತರ ಮಂದಿ ಮಾತಾಡುತ್ತಾರೆ.

ಮಿಕೇಲಾಳ ಪತ್ರಗಳನ್ನು ಅವಳ ವಿರುದ್ಧ ಸಾಕ್ಷಿಯಾಗಿ ಕಡತದಲ್ಲಿ ಕಟ್ಟಿಟ್ಟರು. ಅದರಿಂದಲೇ ಅವು ಉಳಿದವು. ನೀನು ಊರಿಗೆ ಬಂದಾಗ ಇಬ್ಬರೂ ಕೂತು ಓದೋಣ.

ನಿನ್ನ
ಅಮ್ಮ