ತಣ್ಣನೆ ನಕ್ಷತ್ರದ ಕಥೆ ಬರೆಯುತ್ತಿರುವ ತಂಗಿಗೆ

ಹಾಸನ

ಪ್ರೀತಿಯ ತಂಗಿ,

ನಿನ್ನ ಕಾದಂಬರಿಯ ಮೊದಲ ಮೂರು ಅಧ್ಯಾಯ ಓದಿದೆ. ಆಕಾಶದಲ್ಲಿ ಒಂದು ನೀಲಿ ನಕ್ಷತ್ರ. ಬೆಳಕಿನ ಜೊತೆ ಚಳಿಯನ್ನೂ ಸುರಿಸುವ ನಕ್ಷತ್ರ. ಅದರ ಕೆಳಗೆ ಒಂದು ಕಣಿವೆ, ಒಂದು ಊರು. ಕಲ್ಪನೆ ನನಗೆ ತುಂಬಾ ಹಿಡಿಸಿತು. ಆದರೆ ಮೂರನೇ ಅಧ್ಯಾಯದಲ್ಲಿ ಪಟ್ಟಣದಿಂದ ಪಂಡಿತ ಬರುತ್ತಾನೆ. ನಿಜ ಏನು ಅಂತ ಹೇಳುತ್ತಾನೆ. ಊರಿನವರ ಕಥೆಗಳೆಲ್ಲ ಒಂದೇ ಏಟಿಗೆ ಸುಳ್ಳಾಗುತ್ತವೆ. ಅಲ್ಲಿ ನಿನ್ನ ಲೋಕ ಚಿಕ್ಕದಾಗಿಬಿಟ್ಟಿತು. ಅದಕ್ಕೇ ಈ ಪತ್ರ.

ಮೊದಲು ಒಂದು ವಿಷಯ ತೀರ್ಮಾನ ಮಾಡಿಕೋ. ಆ ಚಳಿ ಎಲ್ಲಿಂದ ಬರುತ್ತದೆ? ನಮ್ಮ ಲೋಕದಲ್ಲಿ ಚಳಿಯನ್ನು ಯಾವುದೂ ಸುರಿಸಲಾರದು. ಶಾಖ ಹೊರಟುಹೋಗುತ್ತದೆ, ಅಷ್ಟೇ. ನೀನು ಮೂಡಿಗೆರೆಯವಳು, ಮಾಗಿ ಚಳಿಯನ್ನು ನಿನಗೆ ಹೇಳಿಕೊಡಬೇಕಿಲ್ಲ. ಮೋಡ ಮುಚ್ಚಿದ ರಾತ್ರಿ ಕಣದಲ್ಲಿ ಕಾಫಿ ಕಾಯುವವರು ಅಷ್ಟು ನಡುಗುವುದಿಲ್ಲ. ಆಕಾಶ ತೊಳೆದಿಟ್ಟ ಹಾಗೆ ಇದ್ದರೆ ನೆಲದ ಶಾಖ ಮೇಲಕ್ಕೆ ಹೋಗಿಬಿಡುತ್ತದೆ. ತಡೆಯುವುದಕ್ಕೆ ಮೋಡ ಇರುವುದಿಲ್ಲ. ಬೆಳಗ್ಗೆ ಎದ್ದರೆ ಹುಲ್ಲೆಲ್ಲ ಇಬ್ಬನಿ.

ಈಗ ಯೋಚನೆ ಮಾಡು. ಆಕಾಶ ತಿಳಿಯಾದ ರಾತ್ರಿಯೇ ನಕ್ಷತ್ರ ಕಾಣುವುದು. ಅಂಥ ರಾತ್ರಿಯೇ ಚಳಿಯೂ ಜಾಸ್ತಿ. ತಲೆತಲಾಂತರದಿಂದ ಇದನ್ನು ನೋಡಿದ ಊರು ಏನು ಹೇಳಬೇಕು? ನಕ್ಷತ್ರವೇ ಚಳಿ ಕೊಡುತ್ತದೆ ಅಂತಲೇ ಹೇಳುತ್ತದೆ, ಅಲ್ವಾ? ಅವರು ಕಂಡದ್ದು ನೂರಕ್ಕೆ ನೂರು ನಿಜ. ಕಾರಣ ಮಾತ್ರ ಬೇರೆ. ಬೆಳದಿಂಗಳು ತಂಪು ಅಂತ ನಮ್ಮ ಕವಿಗಳು ಹಾಡಿದ್ದರ ಹಿಂದೆಯೂ ಇಂಥದ್ದೇ ಅನುಭವ ಇರಬೇಕು ಅಂತ ನನಗೆ ಅನ್ನಿಸುತ್ತದೆ. ನಿನ್ನ ಕಥೆಯ ಅಜ್ಜಿ ಇದನ್ನೆಲ್ಲ ಗಮನಿಸಿದವಳಾಗಿರಲಿ. ಆಗ ಪಂಡಿತ "ಎಲ್ಲಾ ಸುಳ್ಳು" ಅಂದರೆ ಆಕೆ ಸುಮ್ಮನೆ ಕೂರುವುದಿಲ್ಲ. "ಹಾಗಾದ್ರೆ ಅದು ಕಾಣದ ರಾತ್ರಿ ಚಳಿ ಯಾಕೆ ಕಮ್ಮಿ, ಹೇಳಪ್ಪಾ" ಅಂತ ಕೇಳುತ್ತಾಳೆ. ಅವನು ಉತ್ತರ ಹುಡುಕಬೇಕಾಗುತ್ತದೆ. ಕಥೆ ಶುರುವಾಗುವುದೇ ಅಲ್ಲಿ.

ಪುರಾಣ ಅಂದರೆ ಬಾಯಿಗೆ ಬಂದದ್ದು ಅಂದುಕೊಳ್ಳಬೇಡ. ನಮ್ಮ ಜಿಲ್ಲೆಯ ಶ್ರವಣಬೆಳಗೊಳವನ್ನೇ ತಗೋ. ಅಲ್ಲಿ ಬಾಹುಬಲಿ ಮೂರ್ತಿ ನಿಲ್ಲಿಸಿದ ಚಾವುಂಡರಾಯನ ಕಾಲದಲ್ಲಿ, ಅಂದರೆ 10ನೇ ಶತಮಾನದಲ್ಲಿ, ಅವನ ಗುರು ನೇಮಿಚಂದ್ರರು ಪ್ರಾಕೃತದಲ್ಲಿ ಗೊಮ್ಮಟಸಾರ ಬರೆದರು. ಅದರಲ್ಲಿ ಬೆಳಕಿನ ಬಗೆಗಳನ್ನು ಬಿಡಿಸಿ ಹೇಳಿದ್ದಾರೆ. ಬೆಂಕಿಗೆ ಮೂಲವೂ ಬಿಸಿ, ಕಾಂತಿಯೂ ಬಿಸಿ. ಆತಪ ಅನ್ನುವುದಕ್ಕೆ ಕಾಂತಿ ಮಾತ್ರ ಬಿಸಿ, ಮೂಲ ಬಿಸಿಯಲ್ಲ. ಸೂರ್ಯಬಿಂಬ ಈ ಜಾತಿಯದು. ಉದ್ಯೋತ ಅಂದರೆ ಬಿಸಿಯೇ ಇಲ್ಲದ ಬೆಳಕು. ಚಂದ್ರ ಮತ್ತು ಮಿಂಚುಹುಳ ಇದಕ್ಕೆ ಜೈನರು ಕೊಡುವ ಉದಾಹರಣೆ. ಅಂದರೆ ಆ ಲೆಕ್ಕದಲ್ಲಿ ನಮ್ಮ ಸೂರ್ಯನೇ ಒಂದು ತಣ್ಣನೆ ನಕ್ಷತ್ರ! ಅದೇ ಜೈನ ಲೋಕವಿಚಾರದಲ್ಲಿ ಜಂಬೂದ್ವೀಪಕ್ಕೆ ಎರಡು ಸೂರ್ಯ, ಎರಡು ಚಂದ್ರ. ಇವತ್ತು ಹುಟ್ಟಿದ ಸೂರ್ಯ ನಾಳೆ ಹುಟ್ಟುವುದಿಲ್ಲ, ಇನ್ನೊಂದರ ಸರದಿ. ಇವತ್ತಿನ ಖಗೋಳ ವಿಜ್ಞಾನ ಇದನ್ನು ಒಪ್ಪುವುದಿಲ್ಲ. ಆದರೆ ಕಟ್ಟಿದ ರೀತಿ ನೋಡಮ್ಮ. ಒಂದು ನಿಯಮ ಹಾಕಿಕೊಂಡರು, ಅದನ್ನು ಕೊನೆಯವರೆಗೂ ಬಿಡಲಿಲ್ಲ. ನಿನ್ನ ಕಥೆಯ ಊರಿನ ಪೂಜಾರಿಯ ಮಾತಿಗೂ ಇಂಥ ಬಿಗಿ ಬೇಕು.

ಪಂಡಿತನೂ ತಪ್ಪಲಿ. ಯುರೇನಸ್ ಗ್ರಹ ಕಂಡುಹಿಡಿದ ವಿಲಿಯಂ ಹರ್ಷಲ್ ಸಾಮಾನ್ಯನಲ್ಲ. ಅವನು 1795ರಲ್ಲಿ ಏನು ಬರೆದ ಗೊತ್ತಾ? ಸೂರ್ಯನ ಒಡಲು ತಣ್ಣಗಿದೆ, ಹೊಳೆಯುವುದು ಮೇಲಿನ ಮೋಡ ಮಾತ್ರ, ಒಳಗೆ ಜೀವಿಗಳೂ ಇರಬಹುದು ಅಂತ. ಸೂರ್ಯನ ಕಲೆಗಳು ಆ ಮೋಡದ ಸಂದಿಗಳು ಅಂತ ಅವನ ವಾದ. ಅದೇ ಮನುಷ್ಯ 1800ರಲ್ಲಿ ಪಟ್ಟಕದಿಂದ ಬಿಸಿಲನ್ನು ಬಣ್ಣಗಳಾಗಿ ಬಿಡಿಸಿದ. ಕೆಂಪಿನ ಆಚೆ, ಏನೂ ಕಾಣದ ಜಾಗದಲ್ಲಿ ಥರ್ಮಾಮೀಟರ್ ಇಟ್ಟ. ಪಾದರಸ ಏರಿತು. ಅವಕೆಂಪು ಕಿರಣ ಸಿಕ್ಕಿದ್ದು ಹಾಗೆ. ಆ ಕಿರಣವನ್ನೇ ನೋಡುವ ದೂರದರ್ಶಕಗಳಿಂದ 2014ರಲ್ಲಿ ಏಳು ಚಿಲ್ಲರೆ ಜ್ಯೋತಿರ್ವರ್ಷ ದೂರದಲ್ಲಿ ಒಂದು ಕಂದು ಕುಬ್ಜ ಪತ್ತೆಯಾಯಿತು. ವೈಸ್ 0855 ಅಂತ ಕರೆಯುತ್ತಾರೆ. ಪೂರ್ತಿ ನಕ್ಷತ್ರ ಅನ್ನುವ ಹಾಗಿಲ್ಲ. ಹೈಡ್ರೋಜನ್ ಉರಿಸುವಷ್ಟು ತೂಕ ಅದಕ್ಕಿಲ್ಲ. ಮೊದಲ ಅಂದಾಜಿನ ಪ್ರಕಾರ ಅದರ ಮೈ ನೀರು ಹೆಪ್ಪುಗಟ್ಟುವುದಕ್ಕಿಂತಲೂ ತಣ್ಣಗೆ. ತಣ್ಣನೆ ಸೂರ್ಯನನ್ನು ನಂಬಿ ತಪ್ಪಿದವನೇ ಇಂಥದ್ದನ್ನು ಹುಡುಕುವ ದಾರಿಯನ್ನೂ ತೆರೆದ. ನಿನ್ನ ಪಂಡಿತನಿಗೂ ಕಾರಣವಿರುವ ಒಂದು ತಪ್ಪು ಕೊಡು.

ಅವನನ್ನು ಪಟ್ಟಣದಿಂದ ಕರೆತರುವುದೇ ಬೇಡ. ಅಜ್ಜಿಯ ಮೊಮ್ಮಗನೇ ಆಗಲಿ. ನಮ್ಮ ಹಾಸನದಲ್ಲಿ 1982ರಿಂದ ಇಸ್ರೋದ ಎಂಸಿಎಫ್, ಅಂದರೆ ಉಪಗ್ರಹ ನಿಯಂತ್ರಣ ಕೇಂದ್ರ ಇದೆ, ಇಲ್ಲಿಂದ ಉಪಗ್ರಹಗಳನ್ನು ನಡೆಸುತ್ತಾರೆ. ಇದೇ ಹಾಸನದಲ್ಲಿ ಮಳೆ ನಕ್ಷತ್ರದ ಲೆಕ್ಕವೂ ನಡೆಯುತ್ತದೆ. ಎರಡೂ ಮಾತು ಒಂದೇ ಜಗಲಿಯಲ್ಲಿ ಕೇಳಿಬರುತ್ತವೆ.

ಬಣ್ಣದ ಬಗ್ಗೆ ಒಂದು ಮಾತು. ನಿಜದ ಆಕಾಶದಲ್ಲಿ ನೀಲಿ ನಕ್ಷತ್ರವೇ ಜಾಸ್ತಿ ಬಿಸಿ. ಸೂರ್ಯನ ಮೇಲ್ಮೈ ಸುಮಾರು 5,500 ಡಿಗ್ರಿ ಸೆಲ್ಸಿಯಸ್. ಕೆಂಪಗೆ ಕಾಣುವ ಆರಿದ್ರಾ ಅದಕ್ಕಿಂತ ತಣ್ಣಗೆ. ಹಾಗಂತ ನೀಲಿಯನ್ನು ಬಿಡಬೇಡ. ಊರಿಗೊಬ್ಬ ಕಮ್ಮಾರನನ್ನು ತಾ. ಕುಲುಮೆಯಲ್ಲಿ ಕಬ್ಬಿಣ ಮೊದಲು ಕೆಂಪಗಾಗಿ, ಇನ್ನೂ ಕಾದರೆ ಬೆಳ್ಳಗಾಗುವುದು ಅವನಿಗೆ ಗೊತ್ತು. ನೀಲಿ ಬೆಳಕು ತಣ್ಣಗೆ ಅಂದರೆ ಅವನು ಒಪ್ಪುವುದಿಲ್ಲ. ಮೊದಲ ಅನುಮಾನ ಅವನ ಬಾಯಿಂದ ಬರಲಿ.

ಇನ್ನು ನನಗೆ ಎಲ್ಲಕ್ಕಿಂತ ಮುಖ್ಯ ಅನ್ನಿಸುವುದು. ನಿನ್ನ ನಕ್ಷತ್ರಕ್ಕೆ ಗುಡಿ ಇದೆ, ಹಬ್ಬ ಇದೆ, ಕೆಲಸ ಇಲ್ಲ. ನಮ್ಮಲ್ಲಿ ನಕ್ಷತ್ರ ಅಂದರೆ ಕೆಲಸ. ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ ಅಂತಾರೆ. ಜೂನ್ ಕೊನೆಗೆ ಆರಿದ್ರಾ ಮಳೆ ಹಿಡಿಯುತ್ತದೆ. ಆಗ ಆ ನಕ್ಷತ್ರ ಕಾಣುವುದೇ ಇಲ್ಲ, ಸೂರ್ಯ ಅದರ ಪಕ್ಕದಲ್ಲೇ ಇರುತ್ತಾನೆ. ಆದರೂ ಎಲ್ಲರ ಬಾಯಲ್ಲೂ ಅದರದ್ದೇ ಹೆಸರು. ಜನವರಿಯ ಕಾಫಿ ಕೊಯ್ಲಿನಲ್ಲಿ, ರಾತ್ರಿ ಅದು ನೆತ್ತಿ ಮೇಲೆ ಹೊಳೆಯುವಾಗ ಅದನ್ನು ಕೇಳುವವರು ಕಮ್ಮಿ. ನಿನ್ನ ನಕ್ಷತ್ರವೂ ವರ್ಷಕ್ಕೆ ಕೆಲವು ವಾರ ಹೀಗೆ ಮರೆಯಾಗಲಿ. ಆ ವಾರಗಳಲ್ಲಿ ಊರು ಏನು ಮಾಡುತ್ತದೆ? ಬೀಜ ಹೊರಗೆ ತೆಗೆಯುತ್ತಾರಾ? ಕೊಟ್ಟ ಸಾಲ ಕೇಳಬಾರದಾ? ಹುಟ್ಟಿದ ಮಗುವಿಗೆ ಹೆಸರಿಡಲು ಕಾಯಬೇಕಾ? ಇದನ್ನು ಬರಿ. ಎರಡನೇ ಅಧ್ಯಾಯದ ಉದ್ದನೆಯ ಸೃಷ್ಟಿಕಥೆಯನ್ನು ಪೂರ್ತಿ ತೆಗೆದುಬಿಡು, ನೋವಾದರೂ ಪರವಾಗಿಲ್ಲ.

ಚಳಿಯ ನಿಜವಾದ ಕಾರಣ ನಿನಗೊಬ್ಬಳಿಗೆ ಗೊತ್ತಿರಲಿ. ಒಂದು ಹಾಳೆಯಲ್ಲಿ ಬರೆದಿಟ್ಟುಕೋ. ಪುಸ್ತಕದಲ್ಲಿ ಅದು ಪೂರ್ತಿ ಬರಬೇಕಾಗಿಲ್ಲ. ಕಮ್ಮಾರನ ಭಾಗ ಮೊದಲು ಮುಗಿದರೆ ಅದನ್ನೇ ಕಳಿಸು, ಉಳಿದದ್ದಕ್ಕೆ ಕಾಯಬೇಡ.

ನಿನ್ನ ಅಕ್ಕ