ಬ್ಯಾರಕ್ಕಿನ ಸೂರಿಗೆ ಸುಣ್ಣದ ಗಾರೆ ಬೇಕಾಗಿದೆ: ಬಳ್ಳಾರಿ ಕಂಟೋನ್ಮೆಂಟಿನ ಶಾಲೆಯೊಂದರ ದೇಣಿಗೆ ಮನವಿ

ಮಾನ್ಯರೇ,

ಮಳೆ ಶುರುವಾದರೆ ನಮ್ಮ ಐದನೇ ತರಗತಿಯ ಮಕ್ಕಳಿಗೆ ಯಾರೂ ಏನೂ ಹೇಳಬೇಕಾಗಿರಲಿಲ್ಲ. ಇಬ್ಬರು ಎದ್ದು ಹೋಗಿ ಬಿಸಿಯೂಟದ ಕೋಣೆಯಿಂದ ಎರಡು ಬಕೆಟ್, ಒಂದು ದೊಡ್ಡ ಬೋಗುಣಿ ತರುತ್ತಿದ್ದರು. ಬೋಗುಣಿ ಕಪ್ಪುಹಲಗೆಯ ಮುಂದೆ, ಬಕೆಟ್ಟುಗಳು ಕಿಟಕಿ ಪಕ್ಕದ ಸಾಲಿನಲ್ಲಿ. ಎಲ್ಲಿ ಸೋರುತ್ತದೆಂದು ಅವರಿಗೆ ಬಾಯಿಪಾಠ. ಕಳೆದ ಮಳೆಗಾಲದಲ್ಲಿ ಮೂಲೆಯ ತೊಲೆಯಿಂದ ಅಂಗೈಯಗಲದ ಗಾರೆ ಕಳಚಿ ಬಿತ್ತು. ಭಾನುವಾರವಾಗಿತ್ತು, ಬಚಾವಾದೆವು. ಅಂದಿನಿಂದ ಆ ಕೋಣೆಗೆ ಬೀಗ ಹಾಕಿ, ಮಕ್ಕಳನ್ನು ವರಾಂಡದಲ್ಲಿ ಕೂರಿಸುತ್ತಿದ್ದೇವೆ.

ನಮ್ಮ ಶಾಲೆ ನಡೆಯುವುದು ಬ್ರಿಟಿಷರ ಕಾಲದ ಸೈನಿಕರ ವಸತಿಯಲ್ಲಿ, ಅಂದರೆ ಹಳೆಯ ಬ್ಯಾರಕ್ಕಿನಲ್ಲಿ. ಅದನ್ನು ಕೆಡವಿ ಆರ್‌ಸಿಸಿ (ಕಾಂಕ್ರೀಟ್) ಕಟ್ಟಡ ಕಟ್ಟಿಸಿಬಿಡಿ ಎಂದು ಹಿತೈಷಿಗಳು ಹೇಳುತ್ತಾರೆ. ಅವರನ್ನು ಏಪ್ರಿಲ್ ತಿಂಗಳ ಒಂದು ಮಧ್ಯಾಹ್ನ ಶಾಲೆಗೆ ಕರೆಯುತ್ತೇವೆ. ಹೊರಗೆ ನಲವತ್ತು ಡಿಗ್ರಿ ದಾಟಿದಾಗಲೂ ಒಳಗೆ ಫ್ಯಾನಿಲ್ಲದೆ ಪಾಠ ನಡೆಯುತ್ತದೆ. ಮೊಳ ದಾಟುವ ದಪ್ಪದ ಗೋಡೆ, ಏಣಿ ಹಾಕಿದರೂ ಕೈಗೆಟುಕದ ಮಾಳಿಗೆ, ಸೂರಿನ ಕೆಳಗೇ ಬಿಸಿಗಾಳಿ ಹೊರಹೋಗಲು ಗವಾಕ್ಷಿ, ನಾಲ್ಕೂ ಕಡೆ ವರಾಂಡ. ಪಕ್ಕದಲ್ಲಿ ನಾವೇ ಕಟ್ಟಿಸಿದ ಹೊಸ ಕೋಣೆಯಲ್ಲಿ ಮೂರು ಫ್ಯಾನ್ ತಿರುಗಿದರೂ ಮಕ್ಕಳು ಪಟ್ಟಿ ಪುಸ್ತಕದಿಂದ ಗಾಳಿ ಬೀಸಿಕೊಳ್ಳುತ್ತಾರೆ.

ಈ ತಂಪಿನ ಹಿಂದೆ ಒಂದು ಕಥೆಯಿದೆ. 1800ರಲ್ಲಿ ಹೈದರಾಬಾದಿನ ನಿಜಾಮರು ಬಳ್ಳಾರಿ ಸೀಮೆಯನ್ನು ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟರು. ತಮ್ಮ ರಕ್ಷಣೆಗೆ ಕಂಪನಿ ಇಟ್ಟ ಸೈನ್ಯದ ಖರ್ಚಿಗೆ ಪ್ರತಿಯಾಗಿ ಕೊಟ್ಟ ನೆಲ ಇದು. ಥಾಮಸ್ ಮನ್ರೋ ಈ ಸೀಮೆಯ ಮೊದಲ ಪ್ರಧಾನ ಕಲೆಕ್ಟರ್ ಆಗಿ ಬಂದರು. ಕೋಟೆಯ ಆಸರೆಗೆ ದಂಡು ಬಂತು, ದಂಡಿನ ಬೆನ್ನಿಗೆ ಬಜಾರು ಬಂತು. ನಮ್ಮ ಮಕ್ಕಳಲ್ಲಿ ಅರ್ಧಕ್ಕರ್ಧ ಬರುವುದು ಕೌಲ್ ಬಜಾರಿನಿಂದ. ಅವರ ಅಪ್ಪಂದಿರು ಜೀನ್ಸ್ ಹೊಲಿಯುತ್ತಾರೆ, ಅಮ್ಮಂದಿರು ಮನೆಯಲ್ಲೇ ಗುಂಡಿ ಹಚ್ಚಿ ದಾರ ಕತ್ತರಿಸುತ್ತಾರೆ. 1858ರಲ್ಲಿ ಬ್ರಿಟಿಷರ ವಿರುದ್ಧ ಬಂಡೆದ್ದ ಮುಂಡರಗಿ ಭೀಮರಾಯರು ಕೊಪ್ಪಳದ ಕೋಟೆ ಹಿಡಿದಾಗ ಅವರನ್ನು ಮಣಿಸಲು ಸೈನ್ಯ ಹೊರಟದ್ದೂ ಬಳ್ಳಾರಿಯಿಂದಲೇ. ಇದನ್ನು ಏಳನೇ ತರಗತಿಯಲ್ಲಿ ಹೇಳುವಾಗ ಮಕ್ಕಳು ಗೋಡೆಯನ್ನು ಒಮ್ಮೆ ಅನುಮಾನದಿಂದ ನೋಡುತ್ತಾರೆ.

ಆ ಕಾಲದಲ್ಲಿ ಸಿಪಾಯಿಗಳನ್ನು ಯುದ್ಧಕ್ಕಿಂತ ಹೆಚ್ಚಾಗಿ ಕೊಂದದ್ದು ಅವರ ವಸತಿಯೇ. ಕಾಲರಾ, ರಕ್ತಭೇದಿ, ಜ್ವರ. ಭಾರತದ ಸೈನ್ಯದ ಆರೋಗ್ಯ ಕುರಿತ ರಾಯಲ್ ಆಯೋಗ 1863ರಲ್ಲಿ ವರದಿ ಕೊಟ್ಟಿತು. ಭಾರತದಲ್ಲಿದ್ದ ಬ್ರಿಟಿಷ್ ಸೈನಿಕರಲ್ಲಿ ವರ್ಷಕ್ಕೆ ಸಾವಿರಕ್ಕೆ 69 ಮಂದಿ ಸಾಯುತ್ತಿದ್ದರೆಂಬ ಲೆಕ್ಕ ಅದರಲ್ಲಿತ್ತು. ಫ್ಲಾರೆನ್ಸ್ ನೈಟಿಂಗೇಲ್ ಇಂಗ್ಲೆಂಡಿನಲ್ಲೇ ಕೂತು ಇಲ್ಲಿನ ಕಂಟೋನ್ಮೆಂಟುಗಳಿಂದ ಬಂದ ಕಾಗದಗಳನ್ನು ಓದಿ, ಚರಂಡಿ, ನೀರು, ಇಕ್ಕಟ್ಟು ಇವೇ ಕೊಲೆಗಾರರೆಂದು ಬರೆದರು. ಆಮೇಲೆ ಬ್ಯಾರಕ್ ಕಟ್ಟುವ ರೀತಿಯೇ ಬದಲಾಯಿತು: ಒಬ್ಬೊಬ್ಬನಿಗೆ ಇಷ್ಟು ಘನ ಅಡಿ ಗಾಳಿ, ನೆಲದಿಂದ ಎತ್ತರದ ಕಟ್ಟೆ, ಅಗಲ ವರಾಂಡ. ನಮ್ಮ ಶಾಲೆ ಅದೇ ಲೆಕ್ಕಾಚಾರದ ಕೂಸು.

ಹಾಗೆಂದು ಬಿಳಿಯರನ್ನು ಹೊಗಳುವ ಇರಾದೆ ನಮಗಿಲ್ಲ. ಸಿಪಾಯಿಯ ಉಸಿರಿಗೆ ಅಳತೆ ಹಾಕಿದ ಸರ್ಕಾರವೇ 1877ರ ಬರದಲ್ಲಿ, ಪರಿಹಾರ ಕಾಮಗಾರಿಯಲ್ಲಿ ಕಲ್ಲು ಹೊರುವ ಗಂಡಾಳಿಗೆ ದಿನಕ್ಕೆ ಒಂದು ಪೌಂಡ್ ಧಾನ್ಯ, ಮೇಲೊಂದಿಷ್ಟು ಪುಡಿಗಾಸು ಸಾಕೆಂದಿತು. ಒಂದು ಪೌಂಡ್ ಎಂದರೆ ಅರ್ಧ ಕಿಲೋಕ್ಕೂ ಕಡಿಮೆ. ಬಳ್ಳಾರಿ ಜಿಲ್ಲೆ ಆ ಬರದಲ್ಲಿ ನುಚ್ಚುನೂರಾಯಿತು. ಅವತ್ತು ನಮ್ಮವರಿಗೆ ದಕ್ಕದ ನೆರಳು ಇವತ್ತು ನಮ್ಮ ಮಕ್ಕಳಿಗೆ ದಕ್ಕಿದೆ. ಕೈಬಿಡಲು ಮನಸ್ಸಿಲ್ಲ.

ಇನ್ನು ನಮ್ಮ ತಪ್ಪು. ಕೆಲವು ವರ್ಷಗಳ ಹಿಂದೆ ಗುತ್ತಿಗೆದಾರರೊಬ್ಬರ ಮಾತು ನಂಬಿ ಗೋಡೆಗೆಲ್ಲ ಸಿಮೆಂಟ್ ಬಳಿಸಿದೆವು. ಮೊದಲ ವರ್ಷ ಕನ್ನಡಿಯಂತಿತ್ತು. ಸುಣ್ಣದ ಗೋಡೆ ಉಸಿರಾಡುತ್ತದೆ. ಸಿಮೆಂಟ್ ಅದರ ಬಾಯಿ ಮುಚ್ಚುತ್ತದೆ. ಒಳಗಿನ ತೇವ ಹೊರಬರಲಾಗದೆ ಇಟ್ಟಿಗೆಗೆ ಚೌಳು ಹಿಡಿಯಿತು. ಈಗ ಬೆರಳಿಂದ ಕೆರೆದರೆ ಉಪ್ಪಿನಂತೆ ಉದುರುತ್ತದೆ. ಆ ಸಿಮೆಂಟನ್ನು ಕಿತ್ತು, ಸುಣ್ಣಕ್ಕೆ ಬೆಲ್ಲದ ನೀರು, ಅಳಲೆಕಾಯಿ ಕಷಾಯ ಬೆರೆಸಿ ಗಾರೆ ಮಾಡಿ ಮತ್ತೆ ಬಳಿಯಬೇಕು. ಈ ಕೆಲಸ ಬಲ್ಲ ವಯಸ್ಸಾದ ಮೇಸ್ತ್ರಿಯೊಬ್ಬರು ಸಿಕ್ಕಿದ್ದಾರೆ. ಗಾರೆಯನ್ನು ಹೆಬ್ಬೆರಳು, ತೋರುಬೆರಳ ನಡುವೆ ಎಳೆದು ನೋಡಿ, "ಇನ್ನೂ ಕೊಳೀಬೇಕ್ರಿ" ಎಂದು ನಮ್ಮ ಕಾರ್ಯದರ್ಶಿಯನ್ನೇ ವಾಪಸ್ ಕಳಿಸಿದವರು.

ಮಾಳಿಗೆ, ಗೋಡೆ, ತೊಲೆ ಸೇರಿ ಅಂದಾಜು ವೆಚ್ಚ 14 ಲಕ್ಷ ರೂಪಾಯಿ. ಹಳೆಯ ವಿದ್ಯಾರ್ಥಿಗಳಿಂದ, ಶಿಕ್ಷಕರ ಒಂದು ದಿನದ ಸಂಬಳದಿಂದ ಈವರೆಗೆ 3 ಲಕ್ಷ ಸೇರಿದೆ. ಉಳಿದದ್ದಕ್ಕೆ ತಮ್ಮ ಮುಂದೆ ಸೆರಗೊಡ್ಡಿದ್ದೇವೆ. 500 ರೂಪಾಯಿ ಕೊಟ್ಟರೂ ರಸೀದಿ ಕೊಡುತ್ತೇವೆ. ಖರ್ಚಿನ ಪಟ್ಟಿಯನ್ನು ಪ್ರತಿ ತಿಂಗಳು ವರಾಂಡದ ಫಲಕಕ್ಕೆ ಅಂಟಿಸುತ್ತೇವೆ. ದೇಣಿಗೆ ಕೊಟ್ಟವರಿಗೆ ಆದಾಯ ತೆರಿಗೆಯಲ್ಲಿ ರಿಯಾಯಿತಿ ಕೊಡಿಸುವ ಮಾನ್ಯತೆ ನಮಗಿನ್ನೂ ಸಿಕ್ಕಿಲ್ಲ, ಅದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು.

ದುಡ್ಡೇ ಆಗಬೇಕೆಂದಿಲ್ಲ. ಬ್ರೂಸ್‌ಪೇಟೆಯಲ್ಲೋ ಕೋಟೆ ಕಡೆಯೋ ಹಳೆಯ ಮನೆ ಕೆಡವಿಸುತ್ತಿದ್ದರೆ ಸಾಗುವಾನಿ ತೊಲೆ, ಜಂತೆಗಳನ್ನು ಸೌದೆ ಡಿಪೋಗೆ ಹಾಕುವ ಮುನ್ನ ನಮಗೊಂದು ಮಾತು ತಿಳಿಸಿ. ಗೆದ್ದಲು ಹಿಡಿದಿಲ್ಲವೆಂದು ಮಾತ್ರ ನೋಡಿರಿ, ಸಾಗಾಟ ನಮ್ಮ ಖರ್ಚು. ಕೆಲಸ ಬೇಸಿಗೆ ರಜೆಯಲ್ಲಿ ನಡೆಯುತ್ತದೆ. ಬಳ್ಳಾರಿ ಬಿಸಿಲಿಗೆ ಗಾರೆ ಬೇಗ ಒಣಗಿದರೆ ಬಿರಿಯುತ್ತದೆ, ಗೋಣಿಚೀಲ ಹೊದಿಸಿ ದಿನಕ್ಕೆ ಮೂರು ಸಲ ನೀರು ಹಾಕಬೇಕು. ಮೇ ತಿಂಗಳಲ್ಲಿ ನಮ್ಮ ಬೋರ್‌ವೆಲ್ ಕೈಕೊಡುತ್ತದೆ. ದಿನಕ್ಕೊಂದು ಟ್ಯಾಂಕರ್ ನೀರು ಕೊಡಿಸುವವರಿದ್ದರೆ ಯುಗಾದಿಯೊಳಗೆ ಶಾಲೆಯ ಕಚೇರಿಗೆ ಬಂದು ಹೆಸರು ಬರೆಸಬೇಕಾಗಿ ವಿನಂತಿ.

ತಮ್ಮ ವಿಶ್ವಾಸಿಗಳು,
ಶಾಲಾ ಟ್ರಸ್ಟಿನ ಅಧ್ಯಕ್ಷರು ಮತ್ತು ಸದಸ್ಯರು, ಬಳ್ಳಾರಿ